ಒಂದೇ ಉಸಿರಿನ ಹೆಸರು

ತೊಲುತೊಸೆ ಅನ್ನಬೇಕು, ನಡುವೆ ಉಸಿರು ಬಿಡದೆ.
ತೊಲು ಅಂದು ನಿಂತರೆ ಉಪ್ಪು,
ತೊಸೆ ಮಾತ್ರ ಅಂದರೆ ಸಪ್ಪೆ,
ನಿಂತವರ ದೋಣಿ ನಿಂತಲ್ಲೇ ಸುತ್ತುತ್ತದೆ ಎಂದು
ಹಲ್ಲು ಮೂಡುವ ಮೊದಲೇ ಕಲಿತೆವು.

ನಮ್ಮೂರಿಗೆ ತಡಿಯಿಲ್ಲ. ಬೆನಿನ್ ದೇಶದ ಹಿನ್ನೀರಿನಲ್ಲಿ
ಮರದ ಕಾಲುಗಳ ಮೇಲೆ ಮನೆ, ಮನೆಯ ಕೆಳಗೆ ದೋಣಿ,
ದೋಣಿಯ ಕೆಳಗೆ ಒಂದಷ್ಟು ತಿಂಗಳು ಕಡಲು,
ಒಂದಷ್ಟು ತಿಂಗಳು ಹೊಳೆ.
ಕಡಲು ಒಳನುಗ್ಗಿದರೆ ಸಿಗಡಿ, ಹೊಳೆ ಇಳಿದರೆ ಮೀಸೆಮೀನು,
ಯಾವುದೂ ಹೇಳಿ ಬರುವುದಿಲ್ಲ.
ಅಮ್ಮ ದಿನಾ ಬೆಳಿಗ್ಗೆ ಬೆರಳದ್ದಿ ನಾಲಿಗೆಗಿಟ್ಟು
ಇವತ್ತು ಯಾರ ಆಳ್ವಿಕೆ ಎಂದು ಸಾರುತ್ತಿದ್ದಳು.

ದೇವರು ಒಂದೇ ದಿಮ್ಮಿ. ಬೆನ್ನಿಗೆ ಬೆನ್ನು ಅಂಟಿದ ಎರಡು ಮೈ.
ಕಡಲ ಕಡೆಯ ಮುಖಕ್ಕೆ ಕಣ್ಣು ತೆರೆದಿದೆ,
ಹೊಳೆ ಕಡೆಯದಕ್ಕೆ ಮುಚ್ಚಿದೆ.
ಗಂಡು ಯಾವುದು, ಹೆಣ್ಣು ಯಾವುದು ಎಂದು ಕೇಳಿದ ಪಾದ್ರಿಗೆ
ಆಗೊಸಿ ಅಜ್ಜಿ ಹೊಗೆಮೀನು ತಿನ್ನಿಸಿ ಕಳಿಸಿದಳು.
ಕಡಲ ಬಾಯಿಗೆ ಜೇನು, ಹೊಳೆಯ ಬಾಯಿಗೆ ಉಪ್ಪು,
ತನ್ನಲ್ಲಿ ಇಲ್ಲದ್ದೇ ಎಡೆ.
ಏನನ್ನೇ ಬೇಡು, ಅದರ ಬೆನ್ನೂ ಜೊತೆಗೆ ಬರುತ್ತದೆ.

ಅಮ್ಮ ಮಗು ಬೇಡಿದಳು.
ಎರಡು ಬಂದವು: ಝಿನ್ಸು, ಸಾಗ್ಬೊ.
ಒಂಬತ್ತನೆಯ ದಿನ ಸಾಗ್ಬೊ ಹೋದ.
ಅಮ್ಮ ಒಂದು ಮೊಲೆ ಝಿನ್ಸುವಿನ ಬಾಯಿಗಿಟ್ಟು
ಇನ್ನೊಂದನ್ನು ಕಿಟಕಿಯಿಂದ ನೀರಿಗೆ ಹಿಂಡಿದಳಂತೆ,
ಒಂದು ಮಳೆಗಾಲ ಪೂರ್ತಿ.
ಆಮೇಲೆ ನಾನು.
ಅವಳಿಗಳ ಹಿಂದೆ ಹುಟ್ಟಿದವಳಿಗೆ ಹೆಸರು ಹುಡುಕುವ ಕಷ್ಟವಿಲ್ಲ,
ದೊಸಿ. ಊರಲ್ಲಿ ಏಳು ಜನ ದೊಸಿಯರು,
ಕರೆದರೆ ಏಳು ಕಿಟಕಿಯಲ್ಲಿ ತಲೆ.

ಈ ಸಲ ನೀರು ತಿರುಗುವ ರಾತ್ರಿ
ಇನ್ನೂರು ದೋಣಿ ಸುತ್ತುಗಟ್ಟಿ ಸದ್ದಡಗಿಸಿ ನಿಂತಿದ್ದವು.
ಝಿನ್ಸು ಕೂಡ ತನ್ನ ಮೋಟಾರು ಆರಿಸಿದ್ದ.
ದೀಪವೆತ್ತಿ ನಿಂತಳು ಆಗೊಸಿ,
ಅವಳೆದೆಯಲ್ಲಿ ಮೀನೊಲೆಯ ಅರವತ್ತು ವರ್ಷದ ಹೊಗೆ.
ತೊಲು, ಅಂದಳು.
ಕೆಮ್ಮು ಬಂತು.

ಕೆಮ್ಮು ನಿಲ್ಲಲಿಲ್ಲ.
ಯಾರೋ ಹುಟ್ಟನ್ನು ಎದೆಗವಚಿಕೊಂಡರು,
ಯಾರೋ ಮಗುವಿನ ಕಿವಿ ಮುಚ್ಚಿದರು.
ನಾನು ಎಣಿಸಿದೆ: ಅಲೆ ಕಂಬಕ್ಕೆ ಹನ್ನೊಂದು ಸಲ ತಾಗಿತು.
ಅಷ್ಟು ಹೊತ್ತು ಕೇಳಿಸಿದ್ದು
ಕಂಬದೊಳಗೆ ಹುಳು ಕೊರೆಯುವ ಕಿರಿಕಿರಿ,
ದೋಣಿತಳದಲ್ಲಿ ಯಾರ ಆಳ್ವಿಕೆಗೂ ಸೇರದ ನೀರು.
ಊರೆಲ್ಲ ಉಸಿರು ಬಿಗಿಹಿಡಿದು ದಾಟಿ ಹೋಗುತ್ತಿದ್ದ ಜಾಗ.
ನನಗೆ ಗುರುತು ಸಿಕ್ಕಿತು.
ನಾನು ಇಲ್ಲೇ ಇದ್ದೆ,
ಹಾಲು ಕುಡಿದವನಿಗೂ ನೀರು ಕುಡಿದವನಿಗೂ ನಡುವೆ,
ಇಪ್ಪತ್ತಾರು ವರ್ಷ.

ತೊಸೆ, ಅಂದಳು ಕೊನೆಗೆ,
ಜಾರಿಬಿದ್ದ ಸೌಟು ಎತ್ತಿಕೊಂಡವಳ ಹಾಗೆ.

ದೇವರು ಈಗ ಒಂದೋ ಎರಡೋ,
ಹಿರಿಯರು ಮೂರು ದಿನ ತಾಳೆಹೆಂಡದ ಮುಂದೆ ಕೂತರು.
ದಿಮ್ಮಿ ಕೆತ್ತುವ ಹುಂದೆತೊನನ್ನು ಕರೆಸಿದರು.
ಅವನು ಬೆನ್ನುಗಳ ನಡುವೆ ಉಗುರಾಡಿಸಿ
ತಲೆ ತಗ್ಗಿಸಿದ. ಬಿರುಕು ಇದೆ, ಅಂದ.
ಮೊದಲಿಂದಲೂ ಇದೆ. ವರ್ಷಾ ವರ್ಷಾ ಮೇಣ ತುಂಬುತ್ತೇನೆ,
ಕತ್ತಲಲ್ಲಿ. ಅಪ್ಪನೂ ತುಂಬುತ್ತಿದ್ದ.
ಯಾರೂ ಏನೂ ಅನ್ನಲಿಲ್ಲ.
ಒಬ್ಬ ಅವನಿಗೂ ಒಂದು ಬಟ್ಟಲು ಸುರಿದ.

ಮರುದಿನ ಅಮ್ಮನಿಗೆ ಜ್ವರ, ಮೇಲೇಳಲಿಲ್ಲ.
ಏಣಿಯ ಕೊನೆಯ ಮೆಟ್ಟಿಲಲ್ಲಿ ಕೂತು ನಾನೇ ಬೆರಳದ್ದಿದೆ.
ಉಪ್ಪು ಅನ್ನುವಷ್ಟು ಉಪ್ಪಿಲ್ಲ.
ಇನ್ನೊಮ್ಮೆ ಅದ್ದಿದೆ. ಝಿನ್ಸುವಿನ ದೋಣಿ ಹಾದುಹೋಗಿ
ಎಣ್ಣೆಯ ಬಣ್ಣ ಸ್ವಲ್ಪ ಹೊತ್ತು ತೇಲಿತು.
ಯಾರೇ, ಎಂದು ಚಾಪೆಯಿಂದ ಕೂಗಿದಳು ಅಮ್ಮ,
ಇವತ್ತು ಯಾರು?

ಬೆರಳು ಬಾಯಲ್ಲೇ ಇತ್ತು.
ತಡಿ, ಅಂದೆ.